ಮೀಟರ್ ಬಂದರೆ ಹೆಚ್ಚು ಮನೆಗಳಿಗೆ ಲಾಭ. ಆದರೂ ಮತದಲ್ಲಿ ಮೀಟರ್ ಸೋತದ್ದು ಏಕೆ?

ಕನಕಪುರ ರಸ್ತೆ ನಿವಾಸಿ

ನಮ್ಮ ವಸತಿ ಸಮುಚ್ಚಯದ ವಾರ್ಷಿಕ ಮಹಾಸಭೆಯಲ್ಲಿ ಈ ಬಾರಿ ಒಂದು ಪ್ರಸ್ತಾವ ಮತಕ್ಕೆ ಬಂತು: ಪ್ರತಿ ಮನೆಗೂ ನೀರಿನ ಮೀಟರ್ ಹಾಕಿಸಿ, ಬಳಸಿದಷ್ಟಕ್ಕೆ ಹಣ ವಸೂಲು ಮಾಡುವುದು. ಈಗಿನ ಪದ್ಧತಿಯಲ್ಲಿ ಕಾವೇರಿ ನೀರು, ಕೊಳವೆಬಾವಿಯ ವಿದ್ಯುತ್, ಟ್ಯಾಂಕರ್ ಎಲ್ಲದರ ಖರ್ಚನ್ನೂ ಕೂಡಿಸಿ ಮನೆಗಳ ಸಂಖ್ಯೆಯಿಂದ ಭಾಗಿಸುತ್ತಾರೆ. ಮೀಟರ್ ಸೋತಿತು, ಅದೂ ದೊಡ್ಡ ಅಂತರದಲ್ಲಿ.

ಸೋತದ್ದಕ್ಕೆ ಬೇಸರವಿಲ್ಲ. ಲೆಕ್ಕ ಹೊಂದುವುದಿಲ್ಲವಲ್ಲ ಎಂಬುದು ನನ್ನ ತಲೆನೋವು. ಎಲ್ಲ ಕಡೆ ಇರುವಂತೆ ನಮ್ಮಲ್ಲೂ ಕೆಲವೇ ಮನೆಗಳು ವಿಪರೀತ ನೀರು ಬಳಸುತ್ತವೆ. ದಿನಾ ಬಾಲ್ಕನಿ ತೊಳೆಯುವವರು, ಪೈಪು ಹಿಡಿದು ಎರಡೆರಡು ಕಾರಿಗೆ ಅಭಿಷೇಕ ಮಾಡುವವರು ಇದ್ದಾರೆ. ಅವರಿಂದಾಗಿ ಸರಾಸರಿ ಮೇಲಕ್ಕೆ ಜಿಗಿಯುತ್ತದೆ. ಅರ್ಧಕ್ಕಿಂತ ಹೆಚ್ಚು ಮನೆಗಳ ಬಳಕೆ ಆ ಸರಾಸರಿಗಿಂತ ಕಡಿಮೆ. ಅಂದರೆ ಮೀಟರ್ ಬಂದರೆ ಬಹುಸಂಖ್ಯಾತರ ಬಿಲ್ ಇಳಿಯಬೇಕು. ಎಲ್ಲರೂ ತಮ್ಮ ಜೇಬು ನೋಡಿಕೊಂಡು ಕೈಯೆತ್ತಿದ್ದರೆ ಪ್ರಸ್ತಾವ ನಿರಾಯಾಸವಾಗಿ ಗೆಲ್ಲಬೇಕಿತ್ತು.

ಸಭೆ ಮುಗಿದ ಮೇಲೆ ಕಾಫಿ ಕುಡಿಯುತ್ತಾ "ಜನ ಸ್ವಾರ್ಥಿಗಳು, ಏನೂ ಮಾಡಲಾಗದು" ಎಂದು ಎಲ್ಲರೂ ತಲೆಯಾಡಿಸಿದರು. ನನಗೆ ಅನಿಸಿದ್ದು ತದ್ವಿರುದ್ಧ. ನಮ್ಮ ಜನ ಸಾಕಷ್ಟು ಸ್ವಾರ್ಥಿಗಳಾಗಿರಲಿಲ್ಲ. ರಾಜಕೀಯ ಅರ್ಥಶಾಸ್ತ್ರ ಬಲ್ಲವರು ಇಲ್ಲಿ ಇದ್ದೀರಿ, ಸ್ವಲ್ಪ ಬಿಡಿಸಿ ಹೇಳಿ.

ಬಸವನಗುಡಿ ಬ್ಯೂಗಲ್

ಪ್ರಸ್ತಾವ ತಂದವರು ಯಾರು? ಅದನ್ನು ಮೊದಲು ಹೇಳಿ. ಹಳೆಯ ಸಮಿತಿಯವರು ತಂದಿದ್ದರೆ ಹೊಸ ಸಮಿತಿಯವರು ವಿರೋಧಿಸಿರುತ್ತಾರೆ. ಅಷ್ಟೇ ಕಥೆ. ಇದಕ್ಕೆ ಅರ್ಥಶಾಸ್ತ್ರ ಬೇಕಿಲ್ಲ.

ಅಂಕಿಗಣಿತ

ಬ್ಯೂಗಲ್ ಅವರ ಉತ್ತರದಲ್ಲಿ ಸತ್ಯವಿದ್ದೀತು. ಆದರೆ ಬಣ ರಾಜಕೀಯವೇ ಇಲ್ಲದ ಕಡೆಯೂ ಹೀಗೆಯೇ ಆಗುತ್ತದೆ. 1991ರಲ್ಲಿ ರಕೆಲ್ ಫರ್ನಾಂಡಿಸ್ ಮತ್ತು ಡ್ಯಾನಿ ರಾಡ್ರಿಕ್ ಎಂಬ ಇಬ್ಬರು ಅರ್ಥಶಾಸ್ತ್ರಜ್ಞರು ಇದನ್ನೇ ತೋರಿಸಿದರು. ಅವರು ಬರೆದದ್ದು ವ್ಯಾಪಾರ ಸುಧಾರಣೆಯ ಬಗ್ಗೆ, ನಾನು ಅದನ್ನು ನಿಮ್ಮ ಸಮುಚ್ಚಯಕ್ಕೆ ಇಳಿಸುತ್ತೇನೆ.

ನೂರು ಮನೆಗಳಿವೆ ಎನ್ನಿ. ನಲವತ್ತು ಮನೆಯವರಿಗೆ ತಾವು ಕಡಿಮೆ ಬಳಸುತ್ತೇವೆ ಎಂದು ಖಚಿತವಾಗಿ ಗೊತ್ತು: ಒಬ್ಬರೇ ಇರುವವರು, ತಿಂಗಳಲ್ಲಿ ಹದಿನೈದು ದಿನ ಊರಿನಲ್ಲಿರದವರು. ಮೀಟರ್ ಬಂದರೆ ಅವರಿಗೆ ತಲಾ 150 ರೂಪಾಯಿ ಉಳಿಯುತ್ತದೆ. ಉಳಿದ ಅರವತ್ತು ಮನೆಗಳಲ್ಲಿ ಇಪ್ಪತ್ತಕ್ಕೆ 300 ರೂಪಾಯಿ ಲಾಭ, ನಲವತ್ತಕ್ಕೆ 300 ರೂಪಾಯಿ ನಷ್ಟ. ಆದರೆ ಆ ಇಪ್ಪತ್ತರಲ್ಲಿ ತಾವಿದ್ದೇವೆಯೋ ನಲವತ್ತರಲ್ಲಿ ಇದ್ದೇವೆಯೋ ಅರವತ್ತು ಜನರಲ್ಲಿ ಯಾರಿಗೂ ತಿಳಿಯದು. ತಿಳಿಯುವುದಾದರೂ ಹೇಗೆ? ಮೀಟರೇ ಇಲ್ಲವಲ್ಲ! ಹಾಗಾಗಿ ಪ್ರತಿಯೊಬ್ಬರೂ ಸಂಭವನೀಯತೆ ಲೆಕ್ಕ ಹಾಕಿದರೆ ಸರಾಸರಿ 100 ರೂಪಾಯಿ ನಷ್ಟವೇ ಕಾಣುತ್ತದೆ. ಅರವತ್ತು ಮತಗಳೂ ವಿರುದ್ಧ ಬೀಳುತ್ತವೆ.

ಈಗ ಯಾವನೋ ಸರ್ವಾಧಿಕಾರಿ ಕಾರ್ಯದರ್ಶಿ ಮತ ಕೇಳದೆ ಮೀಟರ್ ಹಾಕಿಸಿಬಿಟ್ಟ ಎಂದುಕೊಳ್ಳಿ. ಮುಂದಿನ ವರ್ಷ "ತೆಗೆದುಹಾಕೋಣವೇ?" ಎಂದು ಮತ ಕೇಳಿದರೆ ಅರವತ್ತು ಮನೆಗಳು "ಬೇಡ, ಇರಲಿ" ಎನ್ನುತ್ತವೆ. ಅದೇ ಜನ, ಅದೇ ಸ್ವಾರ್ಥ, ಅದೇ ಮೀಟರ್. ಮತ ಬಿದ್ದದ್ದು ಅಳತೆಗೆ ಮೊದಲೋ ನಂತರವೋ ಎಂಬುದರ ಮೇಲೆ ಫಲಿತಾಂಶ ತಲೆಕೆಳಗಾಗುತ್ತದೆ. ನಿಮ್ಮ ನೆರೆಹೊರೆಯವರು ಸ್ವಾರ್ಥದಲ್ಲಿ ಯಾರಿಗೂ ಕಡಿಮೆಯಿಲ್ಲ, ನಿಶ್ಚಿಂತೆಯಿಂದಿರಿ.

ಬಾಡಿಗೆ ಮನೆ

ಈ ಲೆಕ್ಕದಲ್ಲಿ ನಾನು ಎಲ್ಲಿದ್ದೇನೆ? ಸರ್ಜಾಪುರ ರಸ್ತೆಯ ಕಡೆ ನಾನಿರುವ ಸಮುಚ್ಚಯದಲ್ಲಿ ನೀರಿನ ಬಿಲ್ ಕಟ್ಟುವವಳು ನಾನು, ಸಭೆಯಲ್ಲಿ ಮತ ಹಾಕುವವರು ಪುಣೆಯಲ್ಲಿರುವ ನನ್ನ ಮನೆಯ ಮಾಲೀಕರು. ಮೀಟರ್ ಅಳವಡಿಸುವ ಒಂದು ಬಾರಿಯ ಖರ್ಚು ಅವರದು, ಆಮೇಲೆ ತಿಂಗಳು ತಿಂಗಳು ಬರುವ ಉಳಿತಾಯ ನನ್ನದು. ಅವರು ಏಕೆ "ಹೌದು" ಎನ್ನಬೇಕು? ಅವರ ಜಾಗದಲ್ಲಿದ್ದರೆ ನಾನೂ ಎನ್ನುತ್ತಿರಲಿಲ್ಲ.

ಇದರಲ್ಲಿ ಅನಿಶ್ಚಿತತೆ ಎಂಬುದೇ ಇಲ್ಲ. ಮತ ಒಬ್ಬರ ಕೈಯಲ್ಲಿದೆ, ಬಿಲ್ ಇನ್ನೊಬ್ಬರ ಕೈಯಲ್ಲಿದೆ. ನಿಮ್ಮಲ್ಲಿ ಬಾಡಿಗೆ ಮನೆಗಳು ಎಷ್ಟು ಎಂದು ನೋಡಿ, ಒಗಟಿನ ಅರ್ಧ ಅಲ್ಲೇ ಬಿಚ್ಚಿಕೊಂಡೀತು.

ಮಾಜಿ ಕಾರ್ಯದರ್ಶಿ

ಎರಡು ಅವಧಿ ಈ ಕುರ್ಚಿಯಲ್ಲಿ ಕೂತು ಎದ್ದವನು ನಾನು. ಆ ಅನುಭವದ ಮೇಲೆ ಎರಡು ಮಾತು.

ಒಂದು, ಕೊಳಾಯಿಯ ವಿಷಯ. ಹಳೆಯ ಕಟ್ಟಡಗಳಲ್ಲಿ ಒಂದು ಮನೆಗೆ ಒಂದೇ ಪೈಪ್ ಬರುವುದಿಲ್ಲ. ತಾರಸಿಯ ಟ್ಯಾಂಕಿನಿಂದ ಪ್ರತಿ ಬಚ್ಚಲಿಗೂ ಅಡುಗೆಮನೆಗೂ ಬೇರೆ ಬೇರೆ ಪೈಪ್ ಇಳಿದಿರುತ್ತದೆ. ಮನೆಯೊಂದಕ್ಕೆ ನಾಲ್ಕೈದು ಮೀಟರ್ ಬೇಕಾಗುತ್ತದೆ. ಖರ್ಚು ಇವತ್ತಿನದು, ಉಳಿತಾಯ ನಾಳೆಯದು. ಮೂರು ವರ್ಷದಲ್ಲಿ ಮನೆ ಮಾರುವವರಿಗೆ ಇದರಲ್ಲಿ ಏನು ಆಸಕ್ತಿ?

ಎರಡು, ಇದನ್ನು ಯಾರೂ ಹೇಳುವುದಿಲ್ಲ: ಮತದ ಫಲಿತಾಂಶ ಪ್ರಶ್ನೆಗಳನ್ನು ಯಾವ ಕ್ರಮದಲ್ಲಿ ಇಡುತ್ತೀರಿ ಎಂಬುದರ ಮೇಲೆ ನಿಂತಿರುತ್ತದೆ. ನಮ್ಮಲ್ಲಿ ಮೂರು ದಾರಿಗಳಿದ್ದವು: ಮೀಟರ್, ಚದರಡಿ ಲೆಕ್ಕ, ಎಲ್ಲರಿಗೂ ಸಮಪಾಲು. ಚಿಕ್ಕ ಮನೆ, ಕಡಿಮೆ ಜನ ಇರುವವರಿಗೆ ಮೊದಲು ಮೀಟರ್, ಆಮೇಲೆ ಚದರಡಿ, ಕೊನೆಗೆ ಸಮಪಾಲು. ಚಿಕ್ಕ ಮನೆಯಲ್ಲಿ ತುಂಬಿದ ಸಂಸಾರ ಇರುವವರಿಗೆ ಮೊದಲು ಚದರಡಿ, ಆಮೇಲೆ ಸಮಪಾಲು, ಮೀಟರ್ ಬೇಡವೇ ಬೇಡ. ದೊಡ್ಡ ಮನೆಯಲ್ಲಿ ಮೂರು ನಾಲ್ಕು ಜನ ಇರುವವರಿಗೆ ಮೊದಲು ಸಮಪಾಲು, ಆಮೇಲೆ ಮೀಟರ್, ಚದರಡಿ ಎಂದರೆ ಎದ್ದು ಹೋಗುತ್ತಾರೆ. ಮೂರೂ ಗುಂಪು ಹೆಚ್ಚುಕಡಿಮೆ ಒಂದೇ ಗಾತ್ರದವು.

ಈಗ ಎರಡೆರಡನ್ನು ಎದುರುಬದುರು ನಿಲ್ಲಿಸಿ. ಚದರಡಿಯ ವಿರುದ್ಧ ಮೀಟರ್ ಗೆಲ್ಲುತ್ತದೆ. ಸಮಪಾಲಿನ ವಿರುದ್ಧ ಚದರಡಿ ಗೆಲ್ಲುತ್ತದೆ. ಮೀಟರಿನ ವಿರುದ್ಧ ಸಮಪಾಲು ಗೆಲ್ಲುತ್ತದೆ! ಸುತ್ತಿ ಸುತ್ತಿ ಮೊದಲಿಗೇ ಬಂದಿರಿ. ಮೀಟರ್ ಮತ್ತು ಚದರಡಿಯನ್ನು ಮೊದಲು ಸೆಣಸಲು ಬಿಟ್ಟರೆ ಕೊನೆಯಲ್ಲಿ ಉಳಿಯುವುದು ಸಮಪಾಲು. ಚದರಡಿ ಮತ್ತು ಸಮಪಾಲನ್ನು ಮೊದಲು ಇಟ್ಟರೆ ಕೊನೆಯಲ್ಲಿ ಗೆಲ್ಲುವುದು ಮೀಟರ್. ಕಾರ್ಯಸೂಚಿ ಬರೆಯುವವನ ಲೇಖನಿಗೆ ಮುನ್ನೂರು ಮತಗಳ ತೂಕವಿದೆ. ಕಾರ್ಯದರ್ಶಿ ಹುದ್ದೆಗೆ ಸಂಬಳವಿಲ್ಲದಿದ್ದರೂ ಜನ ಏಕೆ ಹೊಡೆದಾಡುತ್ತಾರೆ ಎಂಬುದಕ್ಕೆ ಇದೂ ಒಂದು ಕಾರಣ.

ಅಂಕಿಗಣಿತ

ಈ ಸುತ್ತಾಟವನ್ನು ಫ್ರಾನ್ಸಿನ ಗಣಿತಜ್ಞ ಕೊಂಡೋರ್ಸೆ 1785ರಲ್ಲೇ ಗುರುತಿಸಿದ್ದ. 1951ರಲ್ಲಿ ಅರ್ಥಶಾಸ್ತ್ರಜ್ಞ ಕೆನೆತ್ ಆ್ಯರೋ ಇನ್ನೂ ಮುಂದೆ ಹೋಗಿ, ಮೂರು ಅಥವಾ ಹೆಚ್ಚು ಆಯ್ಕೆಗಳಿದ್ದಾಗ ಕೆಲವು ಸರಳ ನ್ಯಾಯದ ನಿಬಂಧನೆಗಳನ್ನೆಲ್ಲ ಒಟ್ಟಿಗೆ ಪಾಲಿಸುವ ಮತದಾನ ವಿಧಾನವೇ ಇಲ್ಲವೆಂದು ಸಾಧಿಸಿದರು. ಆದ್ದರಿಂದ "ಜನರ ಇಚ್ಛೆ ಇದು" ಎಂದು ಯಾರಾದರೂ ಮೇಜು ಗುದ್ದಿದಾಗ, ಅದು ಯಾವ ಕ್ರಮದಲ್ಲಿ ಕೇಳಿದ ಇಚ್ಛೆ ಎಂದು ವಿಚಾರಿಸುವುದು ಒಳ್ಳೆಯದು.

ಇನ್ನೊಂದು ಸಂಗತಿ. ನಿಮ್ಮ ಸಂಘ ನೋಂದಣಿಯಾದದ್ದು ಯಾವ ಕಾಯ್ದೆಯಡಿ? 1972ರ ಕರ್ನಾಟಕ ಅಪಾರ್ಟ್‌ಮೆಂಟ್ ಮಾಲೀಕತ್ವ ಕಾಯ್ದೆಯಾದರೆ ಮತದ ತೂಕ ಭೂಮಿಯ ಅವಿಭಜಿತ ಪಾಲನ್ನು ಅನುಸರಿಸುತ್ತದೆ. 1960ರ ಸಂಘಗಳ ನೋಂದಣಿ ಕಾಯ್ದೆಯಾದರೆ ಒಬ್ಬ ಸದಸ್ಯನಿಗೆ ಒಂದು ಮತ. ಮೊದಲನೆಯದು ಕಂಪನಿಯ ಷೇರುದಾರರ ಸಭೆಯ ಜಾತಿಗೆ ಸೇರಿದ್ದು, ಎರಡನೆಯದು ಊರಿನ ಪಂಚಾಯಿತಿಯ ಜಾತಿಗೆ. ಬೆಂಗಳೂರಿನ ಒಂದೇ ಬೀದಿಯಲ್ಲಿ ಅಕ್ಕಪಕ್ಕದ ಎರಡು ಗೇಟುಗಳ ಒಳಗೆ ಎರಡು ಬಗೆಯ ಪ್ರಜಾಪ್ರಭುತ್ವ ನಡೆಯುತ್ತಿರುತ್ತದೆ.

ಕನಕಪುರ ರಸ್ತೆ ನಿವಾಸಿ

ನಮ್ಮದು 1972ರದು. ಬಾಡಿಗೆಯವರು ಮೂರನೇ ಒಂದು ಭಾಗದಷ್ಟಿದ್ದಾರೆ. ಅವರ ಮಾಲೀಕರಲ್ಲಿ ಬಹುತೇಕರು ಮುಕ್ತಿಯಾರು ಪತ್ರ ಕೊಟ್ಟು ಮತ ಹಾಕಿಸಿದರು.

ಆದರೆ ಮಾತನ್ನು ಗೇಟಿನಿಂದ ಆಚೆಗೂ ಒಯ್ಯಬೇಕೆನಿಸುತ್ತದೆ. ನಗರದ ನೀರಿನ ಕಥೆಯೂ ಇದೇ ಅಲ್ಲವೇ?

ಪಂಪ್‌ಹೌಸ್

ನೀರು ಸರಬರಾಜಿನ ಕೆಲಸದಲ್ಲಿ ಕೂದಲು ನರೆತವನು ನಾನು, ಈಗ ನಿವೃತ್ತ. ನಗರದ ಲೆಕ್ಕ ಇಲ್ಲಿದೆ.

ಮಂಡ್ಯ ಜಿಲ್ಲೆಯ ತೊರೆಕಾಡನಹಳ್ಳಿಯಿಂದ ಸುಮಾರು 100 ಕಿ.ಮೀ. ದೂರ, ಸುಮಾರು 500 ಮೀಟರ್ ಎತ್ತರಕ್ಕೆ ಕಾವೇರಿಯನ್ನು ಹಂತಹಂತವಾಗಿ ಏರಿಸಿ ತರುತ್ತೇವೆ. ಪಂಪು ತಿರುಗಿಸುವ ವಿದ್ಯುತ್ತೇ ದೊಡ್ಡ ಖರ್ಚು. ಹೀಗಿದ್ದೂ 2014ರ ನವೆಂಬರಿನಲ್ಲಿ ನಿಗದಿಯಾದ ದರ ಮುಂದೆ ಬದಲಾದದ್ದು 2025ರ ಏಪ್ರಿಲ್‌ನಲ್ಲಿ. ಹತ್ತು ವರ್ಷಕ್ಕೂ ಹೆಚ್ಚು ಕಾಲ ಮನೆಬಳಕೆಯ ಮೊದಲ 8,000 ಲೀಟರಿಗೆ ಸಾವಿರ ಲೀಟರಿನ ಬೆಲೆ 7 ರೂಪಾಯಿ ಇತ್ತು. ಆ ಅವಧಿಯಲ್ಲಿ ವಿದ್ಯುತ್ ದರ ಎಷ್ಟು ಬಾರಿ ಏರಿತೆಂದು ನಾನು ಹೇಳಬೇಕಿಲ್ಲ.

ಇನ್ನು ಟ್ಯಾಂಕರ್. 2024ರ ಮಾರ್ಚಿನ ಬರಗಾಲದಲ್ಲಿ ಬೆಂಗಳೂರು ನಗರ ಜಿಲ್ಲಾಡಳಿತ ಗರಿಷ್ಠ ದರ ಗೊತ್ತುಪಡಿಸಿತು: 5 ಕಿ.ಮೀ. ಒಳಗೆ 6,000 ಲೀಟರಿಗೆ 600 ರೂಪಾಯಿ, 12,000 ಲೀಟರಿಗೆ 1,000 ರೂಪಾಯಿ. ಚಿಕ್ಕ ಟ್ಯಾಂಕರಿನಲ್ಲಿ ಸಾವಿರ ಲೀಟರಿಗೆ 100 ರೂಪಾಯಿ ಆಯಿತು. ಅದು ಸರಕಾರ ಇಳಿಸಿದ ಮೇಲಿನ ದರ ಎಂಬುದನ್ನು ಮರೆಯಬೇಡಿ.

ಆಗ ಜಯನಗರದಲ್ಲಿ ನಲ್ಲಿ ಇದ್ದವರಿಗೆ ಏಳು ರೂಪಾಯಿ, ನಲ್ಲಿ ಇಲ್ಲದ ಹೊರವಲಯದವರಿಗೆ ನೂರು ರೂಪಾಯಿ ಬೀಳುತ್ತಿತ್ತು. ದರ ಏರಿಸಿದರೆ ಹೊಸ ಪೈಪಿಗೆ ಹಣ ಬರುತ್ತದೆ, ಪೈಪು ಹೋದರೆ ನೂರು ಕೊಡುತ್ತಿದ್ದವನು ಇಪ್ಪತ್ತೋ ಮೂವತ್ತೋ ಕೊಟ್ಟು ನೆಮ್ಮದಿಯಾಗಿರುತ್ತಾನೆ. ಆದರೆ ದರ ಏರಿಕೆಯ ವಿರುದ್ಧ ದನಿ ಎತ್ತುತ್ತಿದ್ದವನು ಏಳು ರೂಪಾಯಿ ಕೊಡುತ್ತಿದ್ದವನು. ಪೈಪು ಬರಲಿ, ದರ ಹೆಚ್ಚಿದರೂ ಸರಿ ಎಂದು ಹೊರವಲಯದವರು ಮೆರವಣಿಗೆ ಮಾಡಿದ್ದನ್ನು ನಾನಂತೂ ನೋಡಿಲ್ಲ. 2007ರಲ್ಲಿ ನಗರಕ್ಕೆ ಸೇರಿದ 110 ಹಳ್ಳಿಗಳಿಗೆಂದೇ ರೂಪಿಸಿದ ಕಾವೇರಿ ಐದನೇ ಹಂತ ಉದ್ಘಾಟನೆಯಾದದ್ದು 2024ರ ಅಕ್ಟೋಬರಿನಲ್ಲಿ. ನಡುವಿನ ಹದಿನೇಳು ವರ್ಷ ಟ್ಯಾಂಕರಿನವರದು.

ಬಸವನಗುಡಿ ಬ್ಯೂಗಲ್

ಏಳು ರೂಪಾಯಿಯವರನ್ನು ಬೈಯುವುದು ಸುಲಭ. ನಮ್ಮ ತಂದೆಯ ಕಾಲದಿಂದ ತೆರಿಗೆ ಕಟ್ಟಿದ್ದೇವೆ. ಇನ್ನೊಂದು ವಿಚಾರ: ಹೊರವಲಯದವರು ಮತ ಹಾಕುತ್ತಾರೆಯೇ? 2023ರ ವಿಧಾನಸಭಾ ಚುನಾವಣೆಯಲ್ಲಿ ರಾಜ್ಯದ ಮತದಾನ ಶೇ 73ರ ಆಸುಪಾಸು, ಬೆಂಗಳೂರಿನದು ಶೇ 54ರ ಆಸುಪಾಸು. ಬೆರಳಿನ ಶಾಯಿ ತೋರಿಸಿದರೆ ದೋಸೆ ಪುಕ್ಕಟೆ ಎಂದು ಹೋಟೆಲಿನವರು ಕರೆದರೂ ಜನ ಹಾಸಿಗೆ ಬಿಟ್ಟು ಏಳಲಿಲ್ಲ.

ಬಾಡಿಗೆ ಮನೆ

ನನ್ನ ಮತ ಹಾವೇರಿಯಲ್ಲಿದೆ. ಇಲ್ಲಿ ಪಟ್ಟಿಗೆ ಸೇರಿಸಿದರೆ ಮುಂದಿನ ಹನ್ನೊಂದು ತಿಂಗಳ ಕರಾರು ಮುಗಿದಾಗ ಮತ್ತೆ ವಿಳಾಸ ಬದಲಿಸಬೇಕು. ಹಾಸಿಗೆಯ ವಿಷಯ ಬಿಡಿ.

ಅದಿರಲಿ, ಯಾವ ಮತದ ಮಾತು ಆಡುತ್ತಿದ್ದೀರಿ? ಪಾಲಿಕೆಗೆ ಕೊನೆಯ ಚುನಾವಣೆ ನಡೆದದ್ದು 2015ರ ಆಗಸ್ಟಿನಲ್ಲಿ. 2020ರ ಸೆಪ್ಟೆಂಬರಿನಲ್ಲಿ ಅವಧಿ ಮುಗಿದ ಮೇಲೆ ಆಡಳಿತಾಧಿಕಾರಿಗಳ ಕಾಲ ಶುರುವಾಯಿತು. 2025ರಲ್ಲಿ ಪಾಲಿಕೆಯನ್ನು ಐದು ಭಾಗ ಮಾಡಿದರು. ನೀರಿನ ದರ ಕೊನೆಗೂ ಏರಿದ್ದು ನಗರದಲ್ಲಿ ಒಬ್ಬ ಕಾರ್ಪೊರೇಟರ್ ಕೂಡ ಇಲ್ಲದ ಹೊತ್ತಿನಲ್ಲಿ. ಇದು ಕಾಕತಾಳೀಯ ಎನ್ನುತ್ತೀರಾ?

ಪಂಪ್‌ಹೌಸ್

ಅರ್ಧ ಮಾತ್ರ ಒಪ್ಪುತ್ತೇನೆ. ನೀರಿನ ದರ ಪಾಲಿಕೆಯ ಕೈಯಲ್ಲಿ ಯಾವತ್ತೂ ಇರಲಿಲ್ಲ. 1964ರಲ್ಲಿ ಜಲಮಂಡಳಿ ರಚನೆಯಾದಾಗಿನಿಂದ ಅದು ರಾಜ್ಯ ಸರಕಾರದ ಅಧೀನ. ದರಕ್ಕೆ ಒಪ್ಪಿಗೆ ಬೇಕಿರುವುದು ವಿಧಾನಸೌಧದಿಂದ. ಅಲ್ಲಿ 224 ಶಾಸಕರಲ್ಲಿ ಬೆಂಗಳೂರಿನವರು 28 ಮಂದಿ, ಅದೂ 2001ರ ಜನಗಣತಿಯ ಮೇಲೆ ನಡೆದ ಕ್ಷೇತ್ರ ವಿಂಗಡಣೆಯ ಪ್ರಕಾರ. ನಗರ ಬೆಳೆದದ್ದು ಅದರ ನಂತರ. ನಿಮ್ಮ ಮನೆಯ ಮಾಲೀಕರು ಪುಣೆಯಲ್ಲಿ ಕೂತು ಮತ ಹಾಕಿದಂತೆಯೇ ಇದೂ.

ಅಂಕಿಗಣಿತ

ಇಲ್ಲಿ ಇಬ್ಬರು ಹಳೆಯ ಅರ್ಥಶಾಸ್ತ್ರಜ್ಞರನ್ನು ನೆನೆಯಬೇಕು. 1957ರಲ್ಲಿ ಆಂಥನಿ ಡೌನ್ಸ್ ಹೇಳಿದ್ದು: ಒಂದು ಮತದಿಂದ ಚುನಾವಣೆ ತಿರುಗುವ ಸಂಭವ ಇಲ್ಲವೆನ್ನುವಷ್ಟು ಕಡಿಮೆ, ಹಾಗಾಗಿ ನೀರಿನ ದರದ ಒಳಹೊರಗು ಓದಿ ತಿಳಿಯಲು ಸಮಯ ವ್ಯಯಿಸದಿರುವುದೇ ಮತದಾರನಿಗೆ ಬುದ್ಧಿವಂತಿಕೆ. 1965ರಲ್ಲಿ ಮ್ಯಾನ್ಕರ್ ಓಲ್ಸನ್ ಹೇಳಿದ್ದು: ಲಕ್ಷ ಜನರಿಗೆ ಚೂರುಚೂರು ನಷ್ಟ, ಕೆಲವೇ ಜನರಿಗೆ ಹಿಡಿಗಟ್ಟಲೆ ಲಾಭ ಆಗುವ ಕಡೆ ಆ ಕೆಲವರೇ ಸಂಘಟಿತರಾಗುತ್ತಾರೆ. ಟ್ಯಾಂಕರ್ ಮಾಲೀಕರು ಒಂದು ಬಡಾವಣೆಯಲ್ಲಿ ಹತ್ತು ಜನ ಇರಬಹುದು, ಅವರಿಗೆ ಪರಸ್ಪರ ಫೋನ್ ನಂಬರ್ ಗೊತ್ತು. ಗ್ರಾಹಕರು ಹತ್ತು ಸಾವಿರ, ಎದುರು ಮನೆಯವರ ಹೆಸರೂ ಗೊತ್ತಿಲ್ಲ.

ಮಾರುಕಟ್ಟೆಯಲ್ಲಿ ತಪ್ಪು ಟ್ಯಾಂಕರ್ ಕರೆಸಿದರೆ ನಷ್ಟ ನಿಮ್ಮದೇ, ಮುಂದಿನ ಬಾರಿ ಎಚ್ಚರವಾಗುತ್ತೀರಿ. ಮತಗಟ್ಟೆಯಲ್ಲಿ ತಪ್ಪು ಗುಂಡಿ ಒತ್ತಿದರೆ ನಿಮಗೊಬ್ಬರಿಗೇ ಎಂದು ಯಾವ ನಷ್ಟವೂ ಇಲ್ಲ. ಎರಡು ಕಡೆಯೂ ಅದೇ ಮನುಷ್ಯ, ಆದರೆ ಒಂದು ಕಡೆ ಮಾತ್ರ ಲೆಕ್ಕ ಹಾಕುತ್ತಾನೆ. ಹಾಗೆಂದು ಟ್ಯಾಂಕರಿನದು ಶುದ್ಧ ಮಾರುಕಟ್ಟೆ ಎಂದೂ ನಾನು ಹೇಳಲಾರೆ. ನೂರು ರೂಪಾಯಿಯಲ್ಲಿ ಡೀಸೆಲ್, ವಿದ್ಯುತ್, ಚಾಲಕನ ಕೂಲಿ, ಲಾಭ ಎಲ್ಲ ಇದೆ. ನೀರಿನ ಬೆಲೆ ಇಲ್ಲ. ನೆಲದಡಿಯ ನೀರು ಯಾರದೂ ಅಲ್ಲ ಎಂಬಂತೆ ಎಲ್ಲರದೂ. ಒಬ್ಬ 1,200 ಅಡಿ ಕೊರೆದರೆ ಪಕ್ಕದ 800 ಅಡಿಯ ಕೊಳವೆಬಾವಿ ಬತ್ತುತ್ತದೆ. ಆ ನಷ್ಟ ಯಾವ ರಸೀದಿಯಲ್ಲೂ ಕಾಣುವುದಿಲ್ಲ.

ಮಾಜಿ ಕಾರ್ಯದರ್ಶಿ

ದರಕ್ಕೆ ಮಿತಿ ಹಾಕಿದ ಆ ತಿಂಗಳು ಏನಾಯಿತೆಂದು ನಾನು ಕಂಡಿದ್ದೇನೆ. ನಮಗೆ ನೀರು ತರುತ್ತಿದ್ದವರು ಫೋನ್ ಎತ್ತುವುದನ್ನೇ ನಿಲ್ಲಿಸಿದರು. ಎತ್ತಿದಾಗ "ರಸೀದಿ ಬೇಕೇ, ನೀರು ಬೇಕೇ?" ಎಂದು ಕೇಳಿದರು. ನೀರು ಎಂದೆವು.

ಶಾಲೆ ಬೀದಿ

ನಾನು ಹೈಸ್ಕೂಲಿನಲ್ಲಿ ಸಮಾಜ ವಿಜ್ಞಾನ ಕಲಿಸುತ್ತೇನೆ. ಇಲ್ಲಿಯವರೆಗೆ ಓದಿ ಸ್ವಲ್ಪ ರೇಗಿತು. ಎಲ್ಲರೂ ಜೇಬು ನೋಡಿಯೇ ಮತ ಹಾಕುತ್ತಾರೆ ಎಂದರೆ, ಡೌನ್ಸ್ ಅವರ ಲೆಕ್ಕದಂತೆಯೇ ಯಾರೂ ಮತಗಟ್ಟೆಗೆ ಹೋಗಲೇಬಾರದು. ಆದರೂ ಶೇ 54 ಜನ ಬಿಸಿಲಿನಲ್ಲಿ ಸಾಲು ನಿಲ್ಲುತ್ತಾರೆ. 2016ರ ಅಕ್ಟೋಬರಿನಲ್ಲಿ ಚಾಲುಕ್ಯ ವೃತ್ತದಿಂದ ಹೆಬ್ಬಾಳದವರೆಗಿನ ಉಕ್ಕಿನ ಮೇಲ್ಸೇತುವೆ ಬೇಡವೆಂದು ಸಾವಿರಾರು ಜನ ಕೈ ಕೈ ಹಿಡಿದು ನಿಂತರು. ವಿಮಾನ ನಿಲ್ದಾಣಕ್ಕೆ ಬೇಗ ತಲುಪುವುದು ಅವರಲ್ಲಿ ಎಷ್ಟೋ ಮಂದಿಗೆ ಅನುಕೂಲವೇ ಆಗಿತ್ತು. ಮರಗಳಿಗಾಗಿ ನಿಂತರು. 2017ರ ಮಾರ್ಚಿನಲ್ಲಿ ಸರಕಾರ ಯೋಜನೆಯನ್ನು ಕೈಬಿಟ್ಟಿತು. ಓಲ್ಸನ್ ಪ್ರಕಾರ ಇದು ನಡೆಯಲೇಬಾರದಿತ್ತು.

ಅಮರ್ತ್ಯ ಸೇನ್ 1977ರಷ್ಟು ಹಿಂದೆಯೇ ಈ ಸ್ವಾರ್ಥಿ ಮನುಷ್ಯನ ಚಿತ್ರವನ್ನು ಟೀಕಿಸಿ, ಬದ್ಧತೆ ಎಂಬುದೂ ಮನುಷ್ಯನನ್ನು ನಡೆಸುತ್ತದೆ, ಅದನ್ನು ಲಾಭಕ್ಕೆ ಇಳಿಸಲಾಗದು ಎಂದರು. ನಮ್ಮ ಕೆರೆಗಳನ್ನು ನೆನೆಯಿರಿ. ತೂಬು ಎತ್ತಿ ಗದ್ದೆಗಳಿಗೆ ನೀರು ಹಂಚಲು ನೀರುಗಂಟಿ ಇರುತ್ತಿದ್ದ. ಮಾರುಕಟ್ಟೆಯೂ ಇಲ್ಲ, ಮತವೂ ಇಲ್ಲ, ನೀರು ಕೊನೆಯ ಗದ್ದೆಗೂ ಹೋಗುತ್ತಿತ್ತು.

ಬಾಡಿಗೆ ಮನೆ

ನೀರುಗಂಟಿಯ ಬಗ್ಗೆ ನೀವು ಪಾಠ ಮಾಡುವಾಗ ಅವನು ಯಾರೆಂಬುದನ್ನೂ ಮಕ್ಕಳಿಗೆ ಹೇಳಿ. ಎಷ್ಟೋ ಊರುಗಳಲ್ಲಿ ಅವನು ದಲಿತ, ಆ ನೀರು ಕುಡಿಯುವ ಗದ್ದೆಯಲ್ಲಿ ಅವನಿಗೆ ಪಾಲಿಲ್ಲ. ಗದ್ದೆ ಇಲ್ಲದವನಿಗೆ ಪಕ್ಷಪಾತ ಮಾಡುವ ಕಾರಣವಿಲ್ಲ ಎಂದು ಹೊಗಳಬಹುದು. ಗದ್ದೆ ಇಲ್ಲದವನಿಗೆ ಗೌಡರ ಮಾತು ಮೀರುವ ಧೈರ್ಯವೂ ಇಲ್ಲ ಎಂದೂ ಹೇಳಬಹುದು. ಸುಗ್ಗಿಯಲ್ಲಿ ಮೊರದಷ್ಟು ಕಾಳು ಅವನ ಕೂಲಿ. ನೀರು ಹಂಚುವವನಿಗೆ ಮತವಿಲ್ಲದ ವ್ಯವಸ್ಥೆ ನನಗೆ ಬೇಡ. ನಾನು ಈಗಲೇ ಅಂಥದ್ದರಲ್ಲಿ ಇದ್ದೇನೆ.

ಶಾಲೆ ಬೀದಿ

ನ್ಯಾಯವಾದ ಮಾತು. ಆದರೆ ಮೇಲ್ಸೇತುವೆಗೆ ಉತ್ತರ ಬಂದಿಲ್ಲ.

ಅಂಕಿಗಣಿತ

ಕೊಡುತ್ತೇನೆ. ಮೇಲ್ಸೇತುವೆಯ ಮರಗಳು ಎಲ್ಲರ ಕಣ್ಣಿಗೂ ಕಾಣುತ್ತಿದ್ದವು, ಬೇಡ ಎನ್ನುವುದಕ್ಕೆ ಒಂದು ಭಾನುವಾರ ಸಾಕಿತ್ತು. ನೀರಿನ ದರ, ಪೈಪಿನ ಸಾಲ, ಸೋರಿಕೆ, ಇವುಗಳಿಗೆ ಪ್ರತಿ ತಿಂಗಳೂ ನಿಲ್ಲಬೇಕು. ಬದ್ಧತೆ ಇದೆ ಎಂದು ಒಪ್ಪುತ್ತೇನೆ, ಅದು ಪ್ರತಿ ತಿಂಗಳೂ ಬರುತ್ತದೆ ಎಂದು ನಂಬಲಾರೆ. ಜೊತೆಗೆ ಅರ್ಥಶಾಸ್ತ್ರಜ್ಞ ಆಲ್ಬರ್ಟ್ ಹರ್ಷ್‌ಮನ್ 1970ರಲ್ಲಿ ಬರೆದಂತೆ, ಹೊರನಡೆಯುವ ದಾರಿ ಇದ್ದವರು ದನಿ ಎತ್ತುವುದನ್ನು ಬಿಡುತ್ತಾರೆ. ಟ್ಯಾಂಕರಿಗೆ ಹಣ ಕೊಡಬಲ್ಲವರು, ಜನರೇಟರ್ ಇರುವವರು, ಮಕ್ಕಳನ್ನು ಖಾಸಗಿ ಶಾಲೆಗೆ ಕಳುಹಿಸುವವರು, ಅಂದರೆ ಅಧಿಕಾರಿಗಳು ಕಿವಿಗೊಡುವ ಮಂದಿಯೇ, ಸರತಿ ಬಿಟ್ಟು ಹೋಗಿದ್ದಾರೆ. ಮೇಲ್ಸೇತುವೆಯಿಂದ ಹೊರನಡೆಯಲು ಯಾರಿಗೂ ದಾರಿ ಇರಲಿಲ್ಲ. ಅದಕ್ಕೇ ದನಿ ಬಂತು ಎಂಬುದು ನನ್ನ ಊಹೆ.

ಹೆಬ್ಬಾಳ ತಿರುವು

ತಡವಾಗಿ ಬಂದೆ. ಮೂಲ ಪ್ರಶ್ನೆಗೆ ಹಿಂತಿರುಗಲೇ? ನಮ್ಮಲ್ಲಿ ಮೀಟರ್ ಗೆದ್ದಿತು. ಸಮಿತಿಯವರು ಮತ ಕೇಳುವ ಮೊದಲು ಒಂದು ಗೋಪುರದ ಮನೆಗಳಿಗೆ ಮಾತ್ರ ಸಂಘದ ಮೀಸಲು ನಿಧಿಯಿಂದ ಮೀಟರ್ ಹಾಕಿಸಿದರು. ಹಣ ಮಾತ್ರ ಹಳೆಯಂತೆ ಸಮಪಾಲು. ಪ್ರತಿ ತಿಂಗಳು ಬಿಲ್ಲಿನ ಕೆಳಗೆ "ಮೀಟರ್ ಪ್ರಕಾರವಾದರೆ ನಿಮ್ಮ ಮೊತ್ತ ಇಷ್ಟಾಗುತ್ತಿತ್ತು" ಎಂದು ಒಂದು ಸಾಲು ಅಚ್ಚಾಗುತ್ತಿತ್ತು. ಒಂದು ಬೇಸಿಗೆ ಕಳೆಯುವಷ್ಟರಲ್ಲಿ ಉಳಿದ ಗೋಪುರಗಳವರೇ ನಮಗೂ ಆ ಸಾಲು ಬೇಕು ಎಂದರು. ಅಂಕಿಗಣಿತ ಅವರು ಹೇಳಿದ ಅರವತ್ತು ಜನರಲ್ಲಿ ಇಪ್ಪತ್ತು ಮಂದಿಗೆ ತಾವು ಯಾರೆಂದು ಗೊತ್ತಾಯಿತು, ಅಷ್ಟೇ.

ಗೊತ್ತಾದ ಮೇಲೆ ನಲವತ್ತು ಮಂದಿಯ ವಿರೋಧ ಇನ್ನೂ ಗಟ್ಟಿಯಾಯಿತು ಎಂಬುದನ್ನೂ ಹೇಳಬೇಕು. ಅವರಲ್ಲಿ ಕೆಲವರು ನಿಜವಾಗಿ ಕಷ್ಟದಲ್ಲಿದ್ದವರು: ಹಾಸಿಗೆ ಹಿಡಿದ ಹಿರಿಯರಿದ್ದ ಮನೆಗಳು, ಅವಳಿ ಮಕ್ಕಳಿದ್ದ ಮನೆ. ಮೊದಲ ಹಂತದ ನೀರಿಗೆ ಕಡಿಮೆ ದರ, ಮೇಲಿನದಕ್ಕೆ ಟ್ಯಾಂಕರ್ ದರ ಎಂದು ಎರಡು ಮೆಟ್ಟಿಲು ಮಾಡಿದ ಮೇಲೆ ಅವರಲ್ಲಿ ಕೆಲವರು ಈ ಕಡೆ ಬಂದರು.

ಬಾಡಿಗೆ ಮನೆ

ಬಾಡಿಗೆಯವರಿಗೆ ಮತ?

ಹೆಬ್ಬಾಳ ತಿರುವು

ಇಲ್ಲ. ಆದರೆ ಆ ಸಾಲು ಬಾಡಿಗೆಯವರ ಕೈಗೂ ಬಂತು, ಅವರು ಅದನ್ನು ಮಾಲೀಕರಿಗೆ ವಾಟ್ಸ್‌ಆ್ಯಪ್ ಮಾಡಿದರು. "ಇಲ್ಲದಿದ್ದರೆ ಮನೆ ಬದಲಿಸುತ್ತೇನೆ" ಎಂದವರೂ ಇದ್ದರು. ಮತ ಇಲ್ಲದವರ ಹತ್ತಿರ ಹೊರನಡೆಯುವ ಬೆದರಿಕೆ ಇತ್ತು.

ಕನಕಪುರ ರಸ್ತೆ ನಿವಾಸಿ

ಆ ಒಂದು ಸಾಲಿನ ಉಪಾಯ ನನಗೆ ಹಿಡಿಸಿತು. ವಿಶೇಷ ಸಭೆ ಕರೆಯಲು ಸಹಿ ಸಂಗ್ರಹ ಶುರು ಮಾಡುತ್ತೇನೆ. ಮೀಟರ್ ಬೇಕೇ ಎಂದು ಕೇಳುವುದಿಲ್ಲ, ಬಿ ಗೋಪುರದಲ್ಲಿ ಆರು ತಿಂಗಳು ಅಳೆದು ನೋಡಲು ಮೀಸಲು ನಿಧಿ ಬಳಸಬಹುದೇ ಎಂದಷ್ಟೇ ಕೇಳುತ್ತೇನೆ.

ಮಾಜಿ ಕಾರ್ಯದರ್ಶಿ

ಬಿ ಗೋಪುರವೇ ಏಕೆ? ನೀವು ಇರುವುದು ಅಲ್ಲಿಯೇ?

ಕನಕಪುರ ರಸ್ತೆ ನಿವಾಸಿ

ಅಲ್ಲ, ಸಿ. ಬಿ ಗೋಪುರದಲ್ಲಿ ಪೈಪುಗಳು ಕಡಿಮೆ.

ಬಸವನಗುಡಿ ಬ್ಯೂಗಲ್

ಪ್ರಸ್ತಾವ ತಂದವರು ಹಳೆಯ ಸಮಿತಿಯೋ ಹೊಸ ಸಮಿತಿಯೋ ಎಂಬುದನ್ನು ಇನ್ನೂ ಹೇಳಲಿಲ್ಲ.

ಕನಕಪುರ ರಸ್ತೆ ನಿವಾಸಿ

ಹಳೆಯದು.